ಹಿಂದಿನ ಅಂಕಣ

ಹನ್ನೊಂದು ವರ್ಷ ನಾನು ನೋಡಿದ್ದು
ಫೌಜಿಯಾಳ ಬೆನ್ನು.
ಬಿಗಿದ ಜಡೆ, ಜಡೆಯ ಬುಡದಲ್ಲೊಂದು ಮಚ್ಚೆ,
ಬೆವರಿಗಂಟಿದ ಅಂಗಿಯ ಮೇಲೆ
ಒದ್ದೆಯಾಗಿ ಓರೆಯಾದ ದೇಶದ ಹೆಸರು.
ಮುಖ ಕಾಣುತ್ತಿದ್ದದ್ದು ಪಾಯಿಂಟು ಮುಗಿದ ಮೇಲೆ,
ಅದೂ ಶಟಲ್ ಎತ್ತಿಕೊಡುವಷ್ಟು ಹೊತ್ತು.
ಏಟು ತಡೆಯುವಾಗ ಮಾತ್ರ ಅಕ್ಕಪಕ್ಕ ನಿಂತೆವು;
ಆಗಲೂ ಇಬ್ಬರ ಕಣ್ಣು ಎದುರಿಗೇ.

ಅವಳು ನೆಟ್ಟಿಗೆ, ನಾನು ಹಿಂದಕ್ಕೆ,
ಯಾರೂ ಹಂಚಿಕೊಟ್ಟದ್ದಲ್ಲ.
ಸಂತೆಪೇಟೆಯ ಆಲೂಗಡ್ಡೆ ಗೋದಾಮಿನಲ್ಲಿ
ಬಿತ್ತನೆ ಗಡ್ಡೆ ಖಾಲಿಯಾಗಿ ಹೊಸ ಬೆಳೆ ಬರುವ ತನಕ
ಎರಡು ತಿಂಗಳು ನೆಲ ನಮ್ಮದು.
ಅವಳ ಅಬ್ಬಾ ಅಲ್ಲಿ ತೂಕ ಹಾಕುವವರು;
ಗೆರೆ ಎಳೆದದ್ದು ಮೂಟೆಗೆ ನಂಬರು ಬರೆಯುವ ನೀಲಿಯಲ್ಲಿ.
ಹಿಂಬದಿಯ ಬಲ್ಬು ಸುಟ್ಟುಹೋಗಿತ್ತು.
"ಕತ್ಲಲ್ಲಿ ನಿನ್ ಕಣ್ಣೇ ಚುರುಕು, ಹೋಗೇ ಶಕ್ಕು" ಅಂದಳು.
ಹೋದೆ. ಅಲ್ಲೇ ಉಳಿದೆ.

ಹಳೆ ಶಟಲ್ಲಿಗೆ ಜೀವ ಬರಿಸಲು
ಬಸ್ ಸ್ಟ್ಯಾಂಡ್ ಪಕ್ಕದ ಹೋಟೆಲಿನಲ್ಲಿ
ಇಡ್ಲಿಯ ಹಬೆಗೆ ಹಿಡಿಯುತ್ತಿದ್ದೆವು ಡಬ್ಬಿಯನ್ನು.
"ಕೋಳಿಗರಿ ತಂದ್ರೇನ್ರೇ ನನ್ನ ಅಡಿಗೆಮನೆಗೆ?"
"ಕೋಳಿ ಅಲ್ಲ ಸ್ವಾಮಿ, ಬಾತು."
ಅದರಿಂದೇನೋ ಸಮಾಧಾನವಾದಂತೆ
ಭಟ್ಟರು ಮುಚ್ಚಳ ಸರಿಸುತ್ತಿದ್ದರು.

ಹದಿನಾರು ಗರಿ ಒಂದು ಶಟಲ್ಲಿಗೆ,
ಎಲ್ಲವೂ ಒಂದೇ ಬದಿಯ ರೆಕ್ಕೆಯಿಂದ.
ಎಡದ್ದು ಬಲದ್ದು ಬೆರೆಸಿದರೆ ಹಾರದೆ ತೊನೆಯುತ್ತದೆಂದು
ಎಷ್ಟೋ ವರ್ಷದ ಮೇಲೆ ಯಾರೋ ಹೇಳಿದರು.
ಅವಳದು ಎಡಗೈ, ನನ್ನದು ಬಲ.
ನಾವು ಹಾರಿದೆವಲ್ಲ.

ಜಕಾರ್ತ, ಒಡೆನ್ಸೆ, ಕ್ವಾಲಾಲಂಪುರ.
ಸಮುದ್ರದ ಮಟ್ಟಕ್ಕೆ ಇಳಿದಾಗಲೆಲ್ಲ ಶಟಲ್ ಭಾರ;
ಹಾಸನದ ತೆಳುಗಾಳಿಗೆ ಅಳೆದಿಟ್ಟ ಹೊಡೆತ
ಗೆರೆಗೆ ಒಂದು ಮೊಳ ಮೊದಲೇ ಬಿದ್ದು
ಮೊದಲ ಗೇಮು ಬರೀ ಕಲಿಯುವುದಕ್ಕೇ ಹೋಗುತ್ತಿತ್ತು.
ಡೆನ್ಮಾರ್ಕಿನಲ್ಲಿ ಹೊತ್ತು ಹೊತ್ತಿಗೂ ಬೇಯಿಸಿದ ಆಲೂಗಡ್ಡೆ.
"ಅಬ್ಬಾ ಇಲ್ಲೂ ಬಂದವ್ರೇನೋ" ಅನ್ನುತ್ತ
ತಟ್ಟೆಯನ್ನು ಅಂಗೈಯಲ್ಲಿಟ್ಟು ತೂಗಿದ್ದಳು.

ಎದುರಾಳಿಗೆ ತಿಳಿಯದ ಭಾಷೆಯೇ ನಮ್ಮ ಆಯುಧ.
ನಂದು. ನಿಂದು. ಹಿಂದೆ. ಬಿಡು.
ಬಿಡು ಅಂದರೆ ಅವಳು ತಲೆ ತಗ್ಗಿಸಬೇಕು,
ಜಡೆಯ ಮೇಲೆ ಗಾಳಿ ಸೀಳಿ ಬಂದದ್ದು ನನಗೆ.
ಒಮ್ಮೆಯೂ ತಿರುಗಿ ನೋಡಿ ಖಾತ್ರಿ ಮಾಡಿಕೊಂಡವಳಲ್ಲ.
ಅಷ್ಟು ನಂಬಿಕೆಯನ್ನು ನನ್ನ ಮೇಲೆ
ಮತ್ಯಾರೂ ಇಟ್ಟಿಲ್ಲ, ಗಂಡನೂ ಸೇರಿ.

ಕ್ವಾಲಾಲಂಪುರ, ಸೆಮಿಫೈನಲ್, ಮೂರನೇ ಗೇಮು.
ಅವರದು ಹದಿನಾಲ್ಕು, ನಮ್ಮದು ಹದಿಮೂರು.
ಶಟಲ್ ಮೇಲೆದ್ದು, ದೀಪದೊಳಗೆ ಒಂದು ಕ್ಷಣ ಕಾಣೆಯಾಗಿ
ಇಬ್ಬರ ನಡುವೆ ಇಳಿಯಿತು.
ನಂದು ಅನ್ನಲಿಲ್ಲ ಯಾರೂ. ನಿಂದು ಅನ್ನಲಿಲ್ಲ.
ಬಿಡು ಕೂಡ.
ಎಷ್ಟು ಮೆತ್ತಗೆ ಬಿತ್ತೆಂದರೆ ಒಂದು ಗರಿಯೂ ಮುರಿಯಲಿಲ್ಲ.
ಆಗ ತಿರುಗಿದಳು. ನಾನು ಕಂಡ ಆ ಮುಖ
ಯಾವ ಫೋಟೋದಲ್ಲೂ ಇಲ್ಲ.

ಆಮೇಲೆ ಅವಳ ಮಂಡಿ, ನನ್ನ ಭುಜ;
ರೈಲ್ವೆ ಪಾರ್ಸೆಲ್ ಆಫೀಸಿನಲ್ಲಿ ನನಗೆ ಕೋಟಾದ ಕೆಲಸ,
ಪೆನ್ಷನ್ ಮೊಹಲ್ಲಾದಲ್ಲಿ ಅವಳದೊಂದು ಔಷಧಿ ಅಂಗಡಿ.
ಇಪ್ಪತ್ತಾರು ವರ್ಷದಲ್ಲಿ ಅದೊಂದನ್ನು ಬಿಟ್ಟು
ಮಿಕ್ಕೆಲ್ಲ ಮಾತಾಡಿದ್ದೇವೆ: ಸಕ್ಕರೆ ಕಾಯಿಲೆ, ನಾದಿನಿಯರು,
ಇಪ್ಪತ್ತೊಂದು ಪಾಯಿಂಟಿನ ಈಗಿನ ಅವಸರದ ಆಟ.

ಕಳೆದ ಗುರುವಾರ ಸ್ಟೇಷನ್ನಿಗೆ ಬಿಡಲು ಬಂದಳು.
ಸ್ಕೂಟರಲ್ಲಿ ಅವಳು ಮುಂದೆ, ನಾನು ಹಿಂದೆ, ಇನ್ನು ಹೇಗೆ.
ಹೆಲ್ಮೆಟ್ಟಿನ ಕೆಳಗೆ ಅದೇ ಮಚ್ಚೆ, ಸುತ್ತ ನರೆಗೂದಲು.
ಎನ್.ಆರ್. ಸರ್ಕಲ್ಲಿನ ಕೆಂಪು ದೀಪದಲ್ಲಿ, ತಿರುಗದೆ, ಅಂದಳು:
"ಅದು ನಂದು ಕಣೇ."
ಯಾವುದು ಅಂತ ನಾನು ಕೇಳಲಿಲ್ಲ.
ನಂದೂ ಹೌದು ಅನ್ನಬಹುದಿತ್ತು.
ಹಸಿರು ಬಂತು. ಬೆನ್ನಿಗೆ ಬೇಲೂರು ಬಸ್ಸಿನ ಒಂದೇ ಸಮ ಹಾರ್ನು.
"ಬಿಡು" ಅಂದೆ.
ಅವಳ ತಲೆ ತಟ್ಟನೆ ತಗ್ಗಿತು.